ಡಿಕ್ರಿಯಲ್ಲಿ ಎಂಟು ಅಡಿ

ನನಗೊಂದು ದಾರಿ ಇದೆ. ಎಂಟು ಅಡಿ ಅಗಲ, ಅರವತ್ತು ಅಡಿ ಉದ್ದ. ಲ್ಯಾಮಿನೇಟ್ ಮಾಡಿಸಿ ಬೀರುವಿನಲ್ಲಿ ಇಟ್ಟಿದ್ದೇನೆ.

ಪಕ್ಕದ ಮನೆಯವರ ನಿವೇಶನದ ಅಂಚಿನಲ್ಲಿ ಅದು ಹಾದುಹೋಗುತ್ತದೆ ಎಂದು, ಇಬ್ಬರೂ ಒಪ್ಪಿದ ಮೇಲೆ ಕೋರ್ಟು ಕೊಟ್ಟ ತೀರ್ಪು, ಅಂದರೆ ರಾಜಿ ಡಿಕ್ರಿ, ಹೇಳುತ್ತದೆ. ಚೆಕ್ಕುಬಂದಿ ಇದೆ, ನಕ್ಷೆ ಇದೆ, ಇಬ್ಬರ ಸಹಿ ಇದೆ, ಅಡ್ಡಿಪಡಿಸಬಾರದು ಎಂಬ ಶಾಶ್ವತ ನಿರ್ಬಂಧಕಾಜ್ಞೆಯೂ ಇದೆ. ಸಹಿ ಹಾಕಿದ ದಿನ ಇಬ್ಬರೂ ಕೈಕುಲುಕಿ, ಇನ್ನು ಜಗಳ ಮುಗಿಯಿತು ಎಂದುಕೊಂಡೆವು. ಮಾರನೆಯ ದಿನ ದಾರಿಗೆ ಗೇಟು ಬಂತು.

‘ನಿಮ್ಮನ್ನು ತಡೆದವರು ಯಾರು ಸಾರ್? ಬೀಗದ ಕೈ ನನ್ನ ಹತ್ತಿರವೇ ಇದೆ, ಕೇಳಿದರೆ ಕೊಡುತ್ತೇನೆ’ ಎಂದರು ನೆರೆಯವರು. ನಾನು ಮನೆ ಬಿಡುವುದು ಬೆಳಿಗ್ಗೆ ಏಳಕ್ಕೆ. ಅವರು ಹಾಸಿಗೆ ಬಿಡುವುದು ಒಂಬತ್ತಕ್ಕೆ.

ವಕೀಲರ ನೋಟಿಸು ಹೋಯಿತು. ಗೇಟು ತೆರೆದು, ಹೂಕುಂಡಗಳು ಸಾಲಾಗಿ ಕುಳಿತವು. ಕುಂಡಗಳ ಬಗ್ಗೆ ನೋಟಿಸು ಹೋಯಿತು. ಅವು ಸರಿದು, ಮೂರು ಚಕ್ರದ ಹಳೆಯ ಕಾರು ಬಂತು. ತಯಾರಾಗುವಾಗ ಅದಕ್ಕೆ ನಾಲ್ಕೇ ಇದ್ದವು. ಪೊಲೀಸ್ ಠಾಣೆಗೆ ಹೋದೆ. ‘ಇದು ಸಿವಿಲ್ ವ್ಯಾಜ್ಯ, ಕೋರ್ಟಿಗೆ ಹೋಗಿ’ ಎಂದರು. ಹೋಗಿಯೇ ಬಂದಿದ್ದೇನೆ ಎಂದು ಲ್ಯಾಮಿನೇಟ್ ಆದ ದಾರಿಯನ್ನು ತೋರಿಸಿದೆ. ‘ಹಾಗಾದರೆ ಮತ್ತೆ ಹೋಗಿ.’

ಮತ್ತೆ ಹೋಗಿ, ಡಿಕ್ರಿಯನ್ನು ಜಾರಿ ಮಾಡಿಸಿಕೊಡಿ ಎಂದು ಅಮಲ್ಜಾರಿ ಅರ್ಜಿ ಹಾಕಿದೆ. ಈ ದೇಶದಲ್ಲಿ ದಾವೆ ಹೂಡಿದವನ ಕಷ್ಟ ಶುರುವಾಗುವುದೇ ಡಿಕ್ರಿ ಸಿಕ್ಕ ಮೇಲೆ ಎಂಬರ್ಥದ ಮಾತನ್ನು, ಆಗ ನಮ್ಮ ಮೇಲ್ಮನವಿಗಳ ಕೊನೆಯ ಕೋರ್ಟಾಗಿದ್ದ ಲಂಡನ್ನಿನ ಪ್ರಿವಿ ಕೌನ್ಸಿಲ್ 1872ರಷ್ಟು ಹಿಂದೆಯೇ ಆಡಿತ್ತು. ಪರಂಪರೆ ಉಳಿಸಿಕೊಳ್ಳುವುದರಲ್ಲಿ ನಮ್ಮನ್ನು ಮೀರಿಸುವವರಿಲ್ಲ. ಅಮಲ್ಜಾರಿ ಅರ್ಜಿಗಳನ್ನು ಆರು ತಿಂಗಳಲ್ಲಿ ಮುಗಿಸಿ ಎಂದು ಸುಪ್ರೀಂ ಕೋರ್ಟ್ 2021ರಲ್ಲಿ ಹೇಳಿತು, 2025ರಲ್ಲಿ ಮತ್ತೆ ಹೇಳಿತು. ಆ ವರ್ಷದ ಅಕ್ಟೋಬರ್‌ನಲ್ಲಿ ಎಣಿಸಿ ನೋಡಿದರೆ 8.82 ಲಕ್ಷ ಅರ್ಜಿಗಳು ಬಾಕಿ. ಅದರಲ್ಲಿ ಕರ್ನಾಟಕದ ಲೆಕ್ಕ ಸೇರಿರಲಿಲ್ಲ. ನಮ್ಮ ಹೈಕೋರ್ಟಿನಿಂದ ಅಂಕಿಅಂಶ ತಲುಪಿರಲಿಲ್ಲ. ಅಂದರೆ ನನ್ನ ಅರ್ಜಿ ಬಾಕಿಗಳ ಪಟ್ಟಿ ಸೇರುವುದೂ ಬಾಕಿ.

ಕಾನೂನಿಗೆ ಹಲ್ಲಿಲ್ಲ ಎನ್ನಬೇಡಿ. ಸಿವಿಲ್ ಪ್ರಕ್ರಿಯಾ ಸಂಹಿತೆಯ 21ನೇ ಆದೇಶದ 32ನೇ ನಿಯಮ ಓದಿದರೆ ಮೈ ಜುಮ್ಮೆನ್ನುತ್ತದೆ. ನಿರ್ಬಂಧಕಾಜ್ಞೆ ಮೀರಿದವನ ಆಸ್ತಿ ಜಪ್ತಿ ಮಾಡಬಹುದು, ಸಿವಿಲ್ ಜೈಲಿಗೂ ಹಾಕಬಹುದು. ಪಾಲಿಸಲು ಅವಕಾಶವಿದ್ದೂ ಆತ ಬೇಕೆಂದೇ ಪಾಲಿಸಲಿಲ್ಲ ಎಂದು ತೋರಿಸಿದರೆ ಸಾಕು. ಕಾರು ಬೇಕೆಂದೇ ನಿಂತಿದೆಯೋ, ಕೆಟ್ಟು ನಿಂತಿದೆಯೋ ಎಂಬ ಜಿಜ್ಞಾಸೆ ನಾಲ್ಕು ವಾಯಿದೆ ತಿಂದಿತು. ಇನ್ನು ಜೈಲಿಗೆ ಹಾಕಿಸುವುದಾದರೆ, ಒಳಗಿರುವಷ್ಟು ಕಾಲ ಅವರ ಊಟದ ಖರ್ಚನ್ನು ತಿಂಗಳು ತಿಂಗಳೂ ನಾನೇ ಮುಂಗಡವಾಗಿ ಕಟ್ಟಬೇಕು. ಕೂತು ಉಣ್ಣುವವರಿಗೆ ಕುಡಿಕೆ ಹೊನ್ನು ಸಾಲದು ಎನ್ನುತ್ತಾರೆ. ಇಲ್ಲಿ ಕೂರುವವರು ಅವರು, ಕುಡಿಕೆ ನನ್ನದು.

‘ಅವಸರ ಯಾಕೆ?’ ಎಂದರು ನನ್ನ ವಕೀಲರು. ಬೇರೆ ಬಹುತೇಕ ಡಿಕ್ರಿಗಳ ಅಮಲ್ಜಾರಿಗೆ 12 ವರ್ಷದ ಗಡುವಂತೆ. ಶಾಶ್ವತ ನಿರ್ಬಂಧಕಾಜ್ಞೆಗೆ ಗಡುವೇ ಇಲ್ಲವಂತೆ. ಅದನ್ನು ಅವರು ಶುಭಸಮಾಚಾರದ ಧಾಟಿಯಲ್ಲಿ ಹೇಳಿದರು.

ಕೊನೆಗೂ ಕೋರ್ಟಿನ ಆದೇಶ ಜಾರಿ ಮಾಡುವ ಅಮೀನರು ಬಂದರು. ಕಾರು ಮಾಯವಾಗಿತ್ತು, ಗೇಟು ಹಾರುಹೊಡೆದಿತ್ತು. ದಾರಿಯ ನಟ್ಟನಡುವೆ ಗೂಟ, ಗೂಟಕ್ಕೆ ಸರಪಳಿ, ಸರಪಳಿಯ ತುದಿಯಲ್ಲಿ ನಾಯಿ. ಎಡಕ್ಕೆ ನೆಗೆದರೆ ನಾಲ್ಕು ಅಡಿ, ಬಲಕ್ಕೆ ನೆಗೆದರೆ ನಾಲ್ಕು ಅಡಿ. ನಮ್ಮ ನಕ್ಷೆಯನ್ನು ಇಷ್ಟು ಕರಾರುವಾಕ್ಕಾಗಿ ಪಾಲಿಸಿದ ಜೀವ ಇಡೀ ಪ್ರಕರಣದಲ್ಲಿ ಇದೊಂದೇ. ಡಿಕ್ರಿಗೆ ತಮ್ಮ ಕಕ್ಷಿದಾರರು ಬದ್ಧರು, ಅವರ ವಾರಸುದಾರರೂ ಬದ್ಧರು, ಆದರೆ ನಾಯಿ ಪಕ್ಷಕಾರನಲ್ಲ ಎಂದು ಎದುರು ವಕೀಲರು ನೆನಪಿಸಿದರು.

ಅಮೀನರು ಅಳತೆಯ ಟೇಪು ಹೊರತೆಗೆದರು, ನಾಯಿಯನ್ನು ನೋಡಿದರು, ಟೇಪನ್ನು ಜೇಬಿಗೆ ಸೇರಿಸಿದರು. ಗೇಟಿನಾಚೆಯೇ ನಿಂತು ವರದಿ ಬರೆದರು: ‘ಸ್ಥಳಕ್ಕೆ ಭೇಟಿ ನೀಡಲಾಯಿತು. ದಾರಿ ಮುಕ್ತವಾಗಿದೆ. ನಾಯಿ ಇದೆ.’