ಸತ್ತ ಎಮ್ಮೆಗೆ ಹತ್ತು ಸೇರು ಹಾಲು

ಅಮೆರಿಕದ ರ‍್ಯಾಪ್ ಗಾಯಕ ಟುಪಾಕ್ ಶಕೂರ್ ಕೊಲೆ ಮೊಕದ್ದಮೆ ತಾರೀಖಿನಿಂದ ತಾರೀಖಿಗೆ ಮುಂದೆ ಹೋಗುತ್ತಲೇ ಇದೆ. ಹೋಗಲಿ ಬಿಡಿ, ಸತ್ತವರಿಗೇನು ಅವಸರ? ಅದರಲ್ಲೂ ಈತ ಭಾರೀ ಬ್ಯುಸಿ ಮನುಷ್ಯ. ಬದುಕಿದ್ದಾಗ ತನ್ನ ಹೆಸರಲ್ಲಿ ತಂದ ಆಲ್ಬಂ ನಾಲ್ಕು. ಸತ್ತ ಮೇಲಿನ ಹತ್ತು ವರ್ಷದಲ್ಲಿ ಆರು. 1996ರ ಸೆಪ್ಟೆಂಬರಿನಲ್ಲಿ ಲಾಸ್ ವೇಗಸ್‌ನಲ್ಲಿ ಟೈಸನ್ ಕಾಳಗ ನೋಡಿ ಹೊರಟವನಿಗೆ ಸಿಗ್ನಲ್ಲಿನಲ್ಲಿ ಗುಂಡು ಬಿತ್ತು. ಆರು ದಿನಕ್ಕೆ ಪ್ರಾಣ ಹೋಯಿತು, ವಯಸ್ಸು 25. ಎರಡನೇ ಮಾಸಿಕದ ಹೊತ್ತಿಗೆ ಹೊಸ ಆಲ್ಬಂ ಅಂಗಡಿಯಲ್ಲಿತ್ತು.

ಆದರೂ ಕಿರೀಟಪ್ರಾಯ ಎಂದರೆ 1998ರ 'ಗ್ರೇಟೆಸ್ಟ್ ಹಿಟ್ಸ್'. 25 ಹಾಡು, ಎರಡು ಸಿಡಿ. ಹಿಟ್ ಆದ ಹಾಡುಗಳಿಗೆ ಹಿಟ್ಸ್ ಅನ್ನುತ್ತಾರೆಂದು ನಂಬಿದ್ದ ನಾವು ದಡ್ಡರು; ಇದರಲ್ಲಿ ನಾಲ್ಕು ಹಾಡು ಅಲ್ಲಿಯವರೆಗೆ ಬಿಡುಗಡೆಯೇ ಆಗಿರಲಿಲ್ಲ. ತಮಾಷೆಯೆಂದರೆ, ಆ ನಾಲ್ಕರಲ್ಲೊಂದಾದ 'ಚೇಂಜಸ್' ಲೋಕವೆಲ್ಲ ಗುನುಗುವ ಹಾಡಾಯಿತು. ಗಾಯಕ ಬ್ರೂಸ್ ಹಾರ್ನ್ಸ್‌ಬಿಯ 1986ರ ಹಾಡಿನಿಂದೆತ್ತಿದ ಪಿಯಾನೋ, ಅದರ ಮೇಲೆ ಕರಿಯರ ಪ್ರಾಣಕ್ಕೆ ಬೆಲೆ ಕೊಡದ ಪೊಲೀಸರ ಮೇಲಿನ ಸಿಟ್ಟು.

ನಾನು ಮೊದಲು ಕೇಳಿದ್ದು ಫುಟ್‌ಪಾತಿನ ಮೂವತ್ತು ರೂಪಾಯಿ ಸಿಡಿಯಲ್ಲಿ. ಪ್ಲಾಸ್ಟಿಕ್ ಕವರಿನ ಮೇಲೆ ಅವನ ರಂಗನಾಮ '2ಪ್ಯಾಕ್' ಎಂದಿತ್ತು. ಒಳಗೆ ಒಂದೇ ಸಿಡಿ. "ಇನ್ನೊಂದೆಲ್ಲಪ್ಪ?" ಎಂದೆ. ಅವನೂ ಗಾಬರಿಯಾಗಿ ಬುಟ್ಟಿಯೆಲ್ಲ ತಡಕಾಡಿ, ಕೊನೆಗೆ ಹತ್ತು ರೂಪಾಯಿ ವಾಪಸ್ ಕೊಟ್ಟ. ಪಾಪ, ಪೈರಸಿಯವನಿಗೂ ಒಂದು ನೀತಿ.

ಅಮೆರಿಕದ ಲೆಕ್ಕ ಬೇರೆ. 2011ರಲ್ಲಿ ಈ ಆಲ್ಬಂಗೆ ಡೈಮಂಡ್ ಪದವಿ, ಅಂದರೆ ಒಂದು ಕೋಟಿ ಯೂನಿಟ್. ಎರಡು ಸಿಡಿಯ ಒಂದು ಡಬ್ಬಿ ಹೋದರೆ ಎರಡು ಯೂನಿಟ್ ಎಂದು ಬರೆದುಕೊಳ್ಳುವುದು ಅಲ್ಲಿನ ಪದ್ಧತಿ. ಹಾಲಿಗೆ ನೀರು ಬೆರೆಸುವವರು ಹೋಗಿ ಟ್ರೈನಿಂಗ್ ತಗೊಂಡು ಬರಬಹುದು.

2012ರಲ್ಲಿ ಅಮೆರಿಕದ ಕೊಚೆಲ್ಲಾ ಸಂಗೀತೋತ್ಸವದ ವೇದಿಕೆಗೆ ಬೆಳಕಿನ ಬೊಂಬೆಯಾಗಿ ಬಂದು ಕುಣಿದ. ಶರಟೂ ಹಾಕಿರಲಿಲ್ಲ, ಸಂಭಾವನೆಯನ್ನೂ ಕೇಳಲಿಲ್ಲ. ಇಂಥ ಕಲಾವಿದ ಯಾವ ನಿರ್ಮಾಪಕನಿಗೆ ಬೇಡ? 2024ರಲ್ಲಿ ರ‍್ಯಾಪರ್ ಡ್ರೇಕ್ ಕೃತಕ ಬುದ್ಧಿಮತ್ತೆಯಿಂದ ಅವನ ದನಿಯನ್ನೇ ಎಬ್ಬಿಸಿ, ಇನ್ನೊಬ್ಬ ರ‍್ಯಾಪರ್ ಜೊತೆಗಿನ ತನ್ನ ಜಗಳದ ಹಾಡಿಗೆ ಬಳಸಿಕೊಂಡ. ವಾರ ತುಂಬುವುದರೊಳಗೆ ವಾರಸುದಾರರ ವಕೀಲರಿಂದ ನೋಟಿಸ್, ಹಾಡು ಮಾಯ.

ನೋಡಿ, ದನಿ ಕದ್ದರೆ ಒಂದು ವಾರ. ಜೀವ ತೆಗೆದದ್ದಕ್ಕೆ ಒಬ್ಬನನ್ನು ಬಂಧಿಸಲು 27 ವರ್ಷ. ಗುಂಡು ಹಾರಿದ ಕಾರಿನಲ್ಲಿ ನಾನೂ ಇದ್ದೆ ಎಂದು ಆ ಮನುಷ್ಯ 2019ರಲ್ಲಿ ಪುಸ್ತಕವನ್ನೇ ಅಚ್ಚು ಹಾಕಿಸಿದ್ದ. ಆಮೇಲೂ ನಾಲ್ಕು ವರ್ಷ ಬೇಕಾಯಿತು. ಈಗ ತಾನು ನಿರಪರಾಧಿ ಅನ್ನುತ್ತಿದ್ದಾನೆ. ಇರಬಹುದು, ಕೋರ್ಟು ಹೇಳಲಿ. ಆದರೆ ಇಷ್ಟು ವರ್ಷ ಅಲ್ಲಿ ಏನು ಮಾಡುತ್ತಿದ್ದರು ಈ ಪೊಲೀಸರೆಲ್ಲ? ಸಿಡಿ ಎಣಿಸುತ್ತಿದ್ದರಾ? ಮಗನ ಹಾಡುಗಳನ್ನು ಜೋಪಾನ ಮಾಡಿದ ತಾಯಿ ಅಫೇನಿ 2016ರಲ್ಲೇ ಹೋದರು.