ಮೂರು ನಿಮಿಷದ ಕೌರವ

ಮೊನ್ನೆ ಊರಿಗೆ ಹೋದಾಗ ರಾತ್ರಿ ಎರಡು ಗಂಟೆಗೆ ಎಚ್ಚರವಾಯಿತು. ಒಳಗಿನ ಕೋಣೆಯಲ್ಲಿ ಚಂಡೆ ಸದ್ದು. ಅಪ್ಪಯ್ಯ ಸೊಳ್ಳೆಪರದೆಯೊಳಗೆ ಕೂತು, ದಿಂಬಿಗೆ ಮೊಬೈಲ್ ಒರಗಿಸಿ, ಯೂಟ್ಯೂಬ್‌ನಲ್ಲಿ ಯಕ್ಷಗಾನದ ಆಟ ನೋಡುತ್ತಿದ್ದರು. ಕುಂದಾಪುರದ ಹತ್ತಿರ ಯಾವುದೋ ಗದ್ದೆಯಲ್ಲಿ ನಡೆಯುತ್ತಿದ್ದ ಗದಾಯುದ್ಧ. ಮಂಡಿನೋವು ಶುರುವಾದ ಮೇಲೆ ಅವರು ಬಯಲಲ್ಲಿ ಕೂತು ಆಟ ನೋಡಿದ್ದಿಲ್ಲ. "ಸುಮ್ನೆ ಕೂಕೋ, ಕೌರವ ಬಂದ" ಅಂದರು. ಕೂತೆ.

ಲೈವ್ ಮಾಡುವ ಹುಡುಗರ ಋಣ ನನ್ನ ಮೇಲಿದೆ. 2020ರ ಮಾರ್ಚ್‌ನಲ್ಲಿ ಲಾಕ್‌ಡೌನ್ ಬಂದು ಮೇಳಗಳ, ಅಂದರೆ ಯಕ್ಷಗಾನ ತಂಡಗಳ, ತಿರುಗಾಟ ಅರ್ಧಕ್ಕೇ ನಿಂತಿತಲ್ಲ, ಆಮೇಲೆ ತಾಳಮದ್ದಳೆ (ವೇಷ, ಕುಣಿತ ಇಲ್ಲದೆ ಕೂತು ಪದ್ಯ, ಮಾತಿನಲ್ಲೇ ನಡೆಸುವ ಯಕ್ಷಗಾನ) ಮನೆಮನೆಗೆ ಬಂದದ್ದು ಯೂಟ್ಯೂಬ್, ಫೇಸ್‌ಬುಕ್‌ನಿಂದಲೇ. ಹಿಂದೆ ಈ ಕೆಲಸವನ್ನು ಕ್ಯಾಸೆಟ್ ಮಾಡಿತ್ತು. ಪದ್ಯ ಹಾಡುವ ಭಾಗವತರಾಗಿದ್ದ ಕಾಳಿಂಗ ನಾವಡರು 1990ರಲ್ಲೇ ತೀರಿಕೊಂಡರು. ಅವರನ್ನು ರಂಗಸ್ಥಳದಲ್ಲಿ ನೋಡದ ನನ್ನಂಥವರಿಗೂ ಅವರ ದನಿ ಗೊತ್ತು.

ಸಂಕಟ ಆಗುವುದು ರೀಲ್ಸ್ ನೋಡಿದಾಗ. ಪದ್ಯ, ಗಿರಕಿ, ಚಂಡೆಯ ಉರುಳಿಕೆ, ಮುಗಿಯಿತು. ಮಾತೇ ಇಲ್ಲ! ಯಕ್ಷಗಾನದಲ್ಲಿ ಪದ್ಯ ಮೊದಲೇ ಬರೆದಿಟ್ಟದ್ದು. ಮಾತು ಹಾಗಲ್ಲ. ಎದುರಿನ ಪಾತ್ರ ಏನು ಹೇಳಿತು ಅಂತ ಕೇಳಿ, ಕಲಾವಿದ ಅಲ್ಲೇ ನಿಂತು ಕಟ್ಟಬೇಕು. ಕಥೆ ಬೆಳೆಯುವುದೇ ಅಲ್ಲಿ ಅಲ್ವಾ?

ಅವತ್ತಿನ ಕೌರವ ಕೊಳಕ್ಕೆ ಇಳಿಯುವ ಮುಂಚೆ ಸ್ವಲ್ಪ ಹೊತ್ತು ಸುಮ್ಮನೆ ನಿಂತ. ಆಮೇಲೆ ಮೆಲ್ಲಗೆ, "ಕಣ್ಣು ಕಟ್ಟಿಕೊಂಡ ಅಮ್ಮ, ಹೆಜ್ಜೆ ಸದ್ದಾದರೆ ಯಾರು ಬಂದದ್ದು ಅಂತ ಕೇಳುತ್ತಿದ್ದಳು. ಇನ್ನು ಕೇಳಬೇಕಾಗಿಲ್ಲ" ಅಂದ. ಅಪ್ಪಯ್ಯ ಬೈರಾಸದಿಂದ ಕಣ್ಣೊರೆಸಿಕೊಂಡರು. ಮರುದಿನ ಅದೇ ಆಟದ ತುಣುಕು ನನ್ನ ಫೋನಿಗೂ ಬಂತು. ಗದೆ ತಿರುಗಿಸಿದ್ದಿತ್ತು, ಈ ಮಾತಿರಲಿಲ್ಲ. ಕಲಾವಿದರ ಹೆಸರೂ ಇರಲಿಲ್ಲ.

ಇನ್ನೊಂದು ವಿಷಯ. ಮೊದಲು ಒಂದೂರಲ್ಲಿ ಮಾಡಿದ ಹಾಸ್ಯ ಮುಂದಿನೂರಿಗೆ ಹೊಸತು. ಈಗ ಒಂದು ರಾತ್ರಿ ಲೈವ್ ಹೋದರೆ ಎಲ್ಲರಿಗೂ ಹಳತು. ಬಾಯಿತಪ್ಪಿ ಬಂದ ಮಾತನ್ನು ಯಾರೋ ಕತ್ತರಿಸಿ ಹರಿಬಿಟ್ಟರೆ ಬೆಳಗಾಗುವುದರೊಳಗೆ ಜಗಳ. ಪರಿಚಯದ ವೇಷಧಾರಿಯೊಬ್ಬರು ಚೌಕಿಯಲ್ಲಿ, ಅಂದರೆ ಬಣ್ಣದ ಮನೆಯಲ್ಲಿ, ಬಣ್ಣ ಹಚ್ಚುತ್ತಾ, "ಕ್ಯಾಮೆರಾ ಕಂಡರೆ ಮಾತು ಅಳೆದು ಆಡುತ್ತೇನೆ" ಅಂದಿದ್ದರು. ಅಳೆದು ಆಡಿದರೆ ಆ ಅಮ್ಮನ ಮಾತು ಹುಟ್ಟುತ್ತಿತ್ತಾ?

ತುಣುಕು ಹಾಕುವವರೇ, ಹಾಕಬೇಡಿ ಅನ್ನುತ್ತಿಲ್ಲ. ಪದ್ಯದ ಜೊತೆ ಅದರ ಮಾತನ್ನೂ ಎರಡು ನಿಮಿಷ ಹಾಕಿ. ಭಾಗವತರು, ಮದ್ದಳೆ, ಚಂಡೆ, ವೇಷಧಾರಿ, ಎಲ್ಲರ ಹೆಸರು ಬರೆಯಿರಿ. ಪೂರ್ತಿ ಆಟದ ಲಿಂಕ್ ಕೊಡಿ. ದುಡ್ಡು ಬಂದರೆ ಅವರಿಗೂ ಪಾಲು ಮುಟ್ಟಿಸಿ. ಆ ಕೌರವನ ಹೆಸರು ನಾನಿನ್ನೂ ಹುಡುಕುತ್ತಿದ್ದೇನೆ.