ಕ್ಯಾಥೆ ಕೊಲ್ವಿಟ್ಜ್ ಹೆಸರೂ ಬರಬೇಕಿತ್ತು
ಮೊದಲ ಮಹಾಯುದ್ಧ ಕಲೆಯನ್ನು ಹೇಗೆ ಬದಲಿಸಿತು ಅಂತ ನಿಮ್ಮ ಲೇಖನದಲ್ಲಿ ಚೆನ್ನಾಗಿ ಬರೆದಿದ್ದೀರಿ ಸರ್. ಯುದ್ಧದ ಮೇಲಿನ ಸಿಟ್ಟಿಗೆ ಕಲೆಯ ನಿಯಮಗಳನ್ನೇ ಗೇಲಿ ಮಾಡಿದ ದಾದಾ ಪಂಥದ ಕಲಾವಿದರ ಬಗ್ಗೆ ಜಾಸ್ತಿ ಇದೆ, ಆದರೆ ಜರ್ಮನಿಯ ಕಲಾವಿದೆ ಕ್ಯಾಥೆ ಕೊಲ್ವಿಟ್ಜ್ ಹೆಸರೇ ಇಲ್ಲ. 1914ರ ಅಕ್ಟೋಬರ್‌ನಲ್ಲಿ ಅವರ ಕಿರಿಮಗ ಪೀಟರ್ ಬೆಲ್ಜಿಯಂನಲ್ಲಿ ಯುದ್ಧದಲ್ಲಿ ಸತ್ತ. ಬರೀ 18 ವರ್ಷದ ಹುಡುಗ. ಅವನ ನೆನಪಿಗೆ ಅಂತ ಶುರು ಮಾಡಿದ ಶಿಲ್ಪ ಮುಗಿದದ್ದು 1932ರಲ್ಲಿ!

ಯುದ್ಧ ಸ್ಮಾರಕ ಅಂದರೆ ಕತ್ತಿ, ಕುದುರೆ, ಗೆದ್ದ ಸೈನಿಕ, ಅಲ್ವಾ? ಇಲ್ಲಿ ಮಂಡಿಯೂರಿದ ಅಪ್ಪ ಅಮ್ಮ ಮಾತ್ರ. ಅಪ್ಪ ತನ್ನ ಮೈಯನ್ನೇ ತಾನು ತಬ್ಬಿ ಹಿಡಿದಿದ್ದಾನೆ. ಅಮ್ಮ ತಲೆ ಬಗ್ಗಿಸಿದ್ದಾಳೆ. ಒಬ್ಬರಿಗೊಬ್ಬರು ತಾಗುವುದೂ ಇಲ್ಲ. ಫೋಟೊ ನೋಡಿಯೇ ನನಗೆ ಗಂಟಲು ಕಟ್ಟಿತು. ಈಗ ಆ ಶಿಲ್ಪ ಬೆಲ್ಜಿಯಂನ ವ್ಲಾಡ್ಸ್ಲೊ ಸ್ಮಶಾನದಲ್ಲಿದೆ. ಪೀಟರ್ ಸಮಾಧಿಯೂ ಅಲ್ಲೇ ಇದೆ.